ನೆಲದಲ್ಲಿ ಹುದುಗಿದ ಗಿಡ, ಬೆಳಕಿಗೆ ತೆರೆದ ಕಿಟಕಿ



ಈ ವಾರ ನಾವು ಪಂಚಶೀಲದ ನಾಲ್ಕನೆಯದನ್ನು ಓದುತ್ತಿದ್ದೇವೆ. ಸುಳ್ಳಿನಿಂದ ದೂರ ಇರುವ ಶೀಲ ಅದು. ಕಳೆದ ಭಾನುವಾರ ಓದು ಮುಗಿದ ಮೇಲೆ ಒಬ್ಬ ತಂಗಿ ಮೆಲ್ಲಗೆ ಕೇಳಿದಳು: "ಅಕ್ಕಾ, ಬಾಡಿಗೆ ಮನೆಗೋಸ್ಕರ ಜಾತಿ ಮುಚ್ಚಿಟ್ಟರೆ ಶೀಲ ಮುರಿದ ಹಾಗಾ?" ಯಾರೂ ಬಾಯಿ ಬಿಡಲಿಲ್ಲ. ನಾನಂತೂ ತಲೆ ತಗ್ಗಿಸಿ ಕೂತಿದ್ದೆ. ಯಾಕೆಂದರೆ ಆ ಕೆಲಸ ನಾನೂ ಮಾಡಿದ್ದೇನೆ.

ಆ ಪ್ರಶ್ನೆ ನಾಲ್ಕು ದಿನದಿಂದ ನನ್ನ ಜೊತೆಯೇ ಇದೆ. ಅದನ್ನು ಬಿಡಿಸಿಕೊಳ್ಳಲು ನನಗೆ ನೆರವಾದದ್ದು ನಮ್ಮ ಅಡುಗೆಮನೆ ಕಿಟಕಿಯ ಕಟ್ಟೆ ಮೇಲಿರುವ ಒಂದು ಪುಟ್ಟ ಗಿಡ. ಇವತ್ತು ಆ ಗಿಡದ ಮಾತಿನಿಂದಲೇ ಶುರು ಮಾಡುತ್ತೇನೆ.

ಗಿಡದ ಹೆಸರು ಹಾವರ್ಥಿಯಾ ಕೂಪೆರಿ. ನರ್ಸರಿಗಳಲ್ಲಿ ಸಕ್ಯುಲೆಂಟ್ ಅಂತ ಚಿಕ್ಕ ಚಿಕ್ಕ ಕುಂಡಗಳಲ್ಲಿ ಮಾರುತ್ತಾರಲ್ಲ, ಆ ಜಾತಿಯದ್ದು. ನಮ್ಮ ಲೋಳೆಸರಕ್ಕೆ ಹತ್ತಿರದ ನೆಂಟ. ಒಂದು ಹಿಡಿಯಲ್ಲಿ ಹಿಡಿಯುವಷ್ಟೇ ಎತ್ತರ. ದಪ್ಪ ದಪ್ಪ ಎಲೆಗಳು ಹೂವಿನ ಪಕಳೆಯಂತೆ ಸುತ್ತಲೂ ಜೋಡಿಸಿಕೊಂಡಿರುತ್ತವೆ. ವಿಶೇಷ ಇರುವುದು ಎಲೆಯ ತುದಿಯಲ್ಲಿ. ಅಲ್ಲಿ ಹಸಿರು ಬಣ್ಣ ಕಡಿಮೆ, ಗಾಜಿನ ಹಾಗೆ ತಿಳಿಯಾಗಿರುತ್ತದೆ. ಬಿಸಿಲಿಗೆ ಹಿಡಿದರೆ ಎಲೆಯ ತುದಿ ನೀರಿನ ಹನಿಯಂತೆ ಹೊಳೆಯುತ್ತದೆ. ಆಫೀಸಿನ ಸಹೋದ್ಯೋಗಿಯೊಬ್ಬರು ತಮ್ಮ ಗಿಡದ ಬುಡದಿಂದ ಒಂದು ಮರಿ ಕಿತ್ತು ಕೊಟ್ಟಿದ್ದರು. ಈಗ ಅದೇ ಏಳು ಮರಿ ಹಾಕಿ ಗುಂಪಾಗಿದೆ.

ಈ ಗಿಡದ ಊರು ನಮ್ಮದಲ್ಲ. ದಕ್ಷಿಣ ಆಫ್ರಿಕಾದ ಪೂರ್ವ ಕೇಪ್ ಪ್ರಾಂತ್ಯದ್ದು. ಅಲ್ಲಿ ಇದು ಕಟ್ಟೆ ಮೇಲೆ ಹೀಗೆ ಎದ್ದು ಕಾಣುವಂತೆ ಬೆಳೆಯುವುದಿಲ್ಲ. ಬಂಡೆಯ ಸಂದಿನಲ್ಲಿ, ಪೊದೆಯ ನೆರಳಿನಲ್ಲಿ, ಹುಲ್ಲಿನ ಬುಡದಲ್ಲಿ ನೆಲಕ್ಕೆ ಅಂಟಿಕೊಂಡಿರುತ್ತದೆ. ಮಳೆ ಹೋಗಿ ಒಣಗಾಲ ಬಂದಾಗ ಅದರ ಬೇರುಗಳು ಕುಗ್ಗಿ ಇಡೀ ಗಿಡವನ್ನು ಕೆಳಕ್ಕೆ ಎಳೆದುಕೊಳ್ಳುತ್ತವೆ. ಮೈಯೆಲ್ಲ ಮಣ್ಣಿನೊಳಗೆ. ಮೇಲೆ ಉಳಿಯುವುದು ಎಲೆಯ ಆ ತಿಳಿಯಾದ ತುದಿ ಮಾತ್ರ. ಸುಡುವ ಬಿಸಿಲಿನಿಂದ, ಒಣ ಗಾಳಿಯಿಂದ, ಮೇಯುವ ಪ್ರಾಣಿಗಳ ಬಾಯಿಂದ ಹೀಗೆ ತಪ್ಪಿಸಿಕೊಳ್ಳುತ್ತದೆ.

ಆದರೆ ಮಣ್ಣಿನೊಳಗೆ ಹುದುಗಿದ ಗಿಡ ಬದುಕುವುದು ಹೇಗೆ? ಎಲೆಗೆ ಬೆಳಕು ಬೇಕಲ್ಲ? ಅದಕ್ಕೇ ಆ ತುದಿ. ಅದು ಒಂದು ಕಿಟಕಿ. ಸಸ್ಯಶಾಸ್ತ್ರದವರೂ ಅದನ್ನು ಕಿಟಕಿ ಎಂದೇ ಕರೆಯುತ್ತಾರೆ. ಬೆಳಕು ಅಲ್ಲಿಂದ ಇಳಿದು, ನೀರು ತುಂಬಿದ ತಿಳಿ ಭಾಗವನ್ನು ದಾಟಿ, ಮಣ್ಣಿನೊಳಗಿರುವ ಎಲೆಯ ಹಸಿರು ಪದರವನ್ನು ಒಳಗಿನಿಂದಲೇ ಮುಟ್ಟುತ್ತದೆ. ಹೊರಗೆ ಕಾಣದ ಗಿಡ ಒಳಗೆ ಹಸಿರಾಗಿರುತ್ತದೆ.

ಈಗ ನನ್ನ ವಿಷಯಕ್ಕೆ ಬರುತ್ತೇನೆ.

ಕೆಲವು ವರ್ಷಗಳ ಹಿಂದೆ ನನಗೆ ಬೇರೆ ಊರಿಗೆ ವರ್ಗವಾಯಿತು. ನಾನು, ನಮ್ಮ ಮನೆಯವರು, ಎರಡನೇ ಕ್ಲಾಸಿನ ಮಗಳು ಮೂವರೂ ಮನೆ ಹುಡುಕಿಕೊಂಡು ಹೊರಟೆವು. ಮೊದಲ ಮನೆಯಲ್ಲಿ ಕೇಳಿದರು, "ನಿಮ್ಮದು ಯಾವ ಜನ?" ಇದ್ದದ್ದು ಇದ್ದ ಹಾಗೆ ಹೇಳಿದೆವು. "ಅಯ್ಯೋ, ನಮ್ಮ ತಮ್ಮನೇ ಬರ್ತೀನಿ ಅಂತಿದ್ದಾನೆ, ಮರೆತೇಬಿಟ್ಟಿದ್ದೆ ನೋಡಿ" ಅಂದರು. ಎರಡನೇ ಮನೆಯಲ್ಲಿ ನಾನು "ನಾವು ಬೌದ್ಧರು" ಅಂದೆ. ಅದೂ ನಿಜವೇ ತಾನೆ. ಆ ಹಿರಿಯರು ಸ್ವಲ್ಪ ಹೊತ್ತು ಯೋಚಿಸಿ, "ಅದು ಸರಿ ಮೇಡಂ, ಮುಂಚೆ ಏನಾಗಿದ್ರಿ?" ಅಂದರು. ಈ ಪ್ರಶ್ನೆಯನ್ನು ನಮ್ಮ ಬಳಗದಲ್ಲಿ ಕೇಳಿಸಿಕೊಳ್ಳದವರು ಯಾರಿದ್ದಾರೆ? ಆ ಮನೆಯೂ ಸಿಗಲಿಲ್ಲ. ಮೂರನೇ ಮನೆಯ ಹೊತ್ತಿಗೆ ಶಾಲೆ ಶುರುವಾಗಲು ನಾಲ್ಕು ದಿನ ಉಳಿದಿತ್ತು. ಲಾಡ್ಜಿನ ಬಾಡಿಗೆ ಏರುತ್ತಿತ್ತು. ಮನೆ ಯಜಮಾನಿ ಕೇಳಿದಾಗ ನಮ್ಮ ಮನೆಯವರು ಬೇರೊಂದು ಜಾತಿಯ ಹೆಸರು ಹೇಳಿದರು. ನಾನು ಪಕ್ಕದಲ್ಲೇ ನಿಂತಿದ್ದೆ, ಇಲ್ಲ ಅನ್ನಲಿಲ್ಲ. ಬೀಗದ ಕೈ ಸಿಕ್ಕಿತು.

ಇದು ಸುಳ್ಳೋ ಅಲ್ಲವೋ? ಉತ್ತರ ಹೇಳುವ ಮೊದಲು ಬಾಬಾಸಾಹೇಬರ ಬದುಕನ್ನು ನೋಡೋಣ. 'ವೇಟಿಂಗ್ ಫಾರ್ ಎ ವೀಸಾ' ಎಂಬ ಬರಹದಲ್ಲಿ ಅವರು ತಮ್ಮ ಬಾಲ್ಯದ ಒಂದು ಪ್ರಯಾಣವನ್ನು ನೆನೆದಿದ್ದಾರೆ. 1901ರಲ್ಲಿ ಅಣ್ಣನ ಜೊತೆ ತಂದೆಯನ್ನು ನೋಡಲು ಹೊರಟ ಹುಡುಗ ಅವರು. ಮಸೂರ್ ಸ್ಟೇಷನ್ನಿನಲ್ಲಿ ಇಳಿದರೆ ಕರೆದೊಯ್ಯಲು ಯಾರೂ ಬಂದಿರಲಿಲ್ಲ. ಒಳ್ಳೆಯ ಬಟ್ಟೆ ಹಾಕಿದ್ದ ಮಕ್ಕಳನ್ನು ನೋಡಿ ಸ್ಟೇಷನ್ ಮಾಸ್ತರ ಅಕ್ಕರೆಯಿಂದ ಮಾತಾಡಿಸಿದ. ನೀವು ಯಾರು ಎಂದು ಕೇಳಿದ. ಮಕ್ಕಳು ಹಿಂದೆ ಮುಂದೆ ನೋಡದೆ ಮಹಾರರು ಎಂದರು. ಆತನ ಮುಖವೇ ಬದಲಾಯಿತು. ಆಮೇಲೆ ಗಾಡಿ ಸಿಗುವುದೇ ಕಷ್ಟವಾಯಿತು.

ಅದೇ ರಾತ್ರಿ ದಾರಿಯಲ್ಲಿ ಸುಂಕದ ಕಟ್ಟೆ ಬಂತು. ಬುತ್ತಿ ಇತ್ತು, ನೀರಿರಲಿಲ್ಲ. ಮುಸ್ಲಿಮರು ಅಂತ ಹೇಳಿಕೊಳ್ಳಿ, ನೀರು ಸಿಕ್ಕರೂ ಸಿಗಬಹುದು ಎಂದು ಗಾಡಿಯವನು ಹೇಳಿಕೊಟ್ಟ. ಬಾಲಕ ಭೀಮರಾವ್ ಸುಂಕದವನ ಬಳಿ ಹಾಗೆಯೇ ಹೇಳಿದ. ಆದರೂ ನೀರು ಸಿಗಲಿಲ್ಲ. ಬುತ್ತಿ ಪಕ್ಕದಲ್ಲಿದ್ದರೂ ಮಕ್ಕಳು ಹಸಿದೇ ಮಲಗಿದರು.

ಈ ಭಾಗ ಓದಿದಾಗಲೆಲ್ಲ ನನಗೆ ಒಂದು ಮಾತು ಹೊಳೆಯುತ್ತದೆ. ಸ್ಟೇಷನ್ನಿನಲ್ಲಿ ನಿಜ ಹೇಳಿದರು, ದಾರಿ ಸಿಗಲಿಲ್ಲ. ಕಟ್ಟೆಯಲ್ಲಿ ಸುಳ್ಳು ಹೇಳಿದರು, ನೀರು ಸಿಗಲಿಲ್ಲ. ಆ ಮಕ್ಕಳ ಮುಂದೆ ಸರಿಯಾದ ಉತ್ತರ ಎಂಬುದೇ ಇರಲಿಲ್ಲ. ಯಾಕೆಂದರೆ ತಪ್ಪು ಇದ್ದದ್ದು ಪ್ರಶ್ನೆಯಲ್ಲಿ.

ಮುಂದೆ ಅಮೆರಿಕ, ಲಂಡನ್ನಿನಲ್ಲಿ ಓದಿ ಬಂದು ಬರೋಡಾ ಸಂಸ್ಥಾನದ ಕೆಲಸಕ್ಕೆ ಸೇರಿದಾಗಲೂ ಅದೇ ಪಾಡು. ಇರಲು ಜಾಗ ಸಿಗದೆ ಪಾರ್ಸಿಗಳ ಛತ್ರವೊಂದರಲ್ಲಿ ಪಾರ್ಸಿ ಹೆಸರು ಬರೆಸಿ ಉಳಿದರು. ದಿಕ್ಕಿಲ್ಲದ ದೊಡ್ಡ ಹಾಲು, ಮುರುಕು ಸಾಮಾನು, ಬಾವಲಿಗಳು, ಸುತ್ತ ಕತ್ತಲೆ, ಒಂದು ಸಣ್ಣ ಲಾಟೀನು. ಆ ಕತ್ತಲಲ್ಲೂ ಅವರು ಮಾಡಿದ್ದು ಓದುವ ಕೆಲಸ. ಹನ್ನೊಂದನೇ ದಿನ ಪಾರ್ಸಿಗಳ ಗುಂಪು ದೊಣ್ಣೆ ಹಿಡಿದು ಬಂದು ಅವರನ್ನು ಹೊರಗೆ ಹಾಕಿತು. ನಮಗೆ ಸತ್ಯದ ದಾರಿ ತೋರಿಸಿದ ಮಹಾಪುರುಷರೂ ಒಂದು ಕಾಲಕ್ಕೆ ಬೇರೆ ಹೆಸರಿನ ಮಣ್ಣಿನಡಿ ಹುದುಗಬೇಕಾಯಿತು. ಇದರಲ್ಲಿ ನನಗೆ ಇನ್ನೂ ದೊಡ್ಡದಾಗಿ ಕಾಣುವುದು, ಅದನ್ನು ಅವರು ಕೊನೆವರೆಗೂ ಮುಚ್ಚಿಡಲಿಲ್ಲ ಎಂಬುದು. ಹೀಗಾಯಿತು, ನಾನು ಹೀಗೆ ಮಾಡಿದೆ ಎಂದು ತಾವೇ ಬರೆದಿಟ್ಟರು.

ಆ ಪುಟ್ಟ ಗಿಡದ ನಾಡಿನಲ್ಲೂ ಇದೇ ಪ್ರಶ್ನೆ ಕಾನೂನೇ ಆಗಿತ್ತು. 1950ರಲ್ಲಿ ದಕ್ಷಿಣ ಆಫ್ರಿಕಾದ ಬಿಳಿಯರ ಸರ್ಕಾರ ಪ್ರತಿಯೊಬ್ಬರನ್ನೂ ವರ್ಣದ ಪ್ರಕಾರ ವಿಂಗಡಿಸಿ ನೋಂದಾಯಿಸುವ ಕಾಯ್ದೆ ತಂದಿತು. ಯಾರು ಎಲ್ಲಿ ಮನೆ ಮಾಡಬೇಕು ಎನ್ನುವುದನ್ನೂ ಅದೇ ವರ್ಷ ಕಾನೂನಿನಲ್ಲಿ ಬರೆಯಿತು. ಕಪ್ಪು ಜನ ಗುರುತಿನ ಪುಸ್ತಕ ಇಟ್ಟುಕೊಂಡೇ ಓಡಾಡಬೇಕಿತ್ತು. ಬಣ್ಣ ತಿಳಿಯಾಗಿದ್ದ ಕೆಲವರು ಬಿಳಿಯರೆಂದು ಹೇಳಿಕೊಂಡು, ಹೆತ್ತವರಿಂದ ದೂರವಾಗಿ ಬದುಕಿದರು. ಆ ನೋಂದಣಿ ಕಾಯ್ದೆ ರದ್ದಾದದ್ದು 1991ರಲ್ಲಿ. ಪೂರ್ವ ಕೇಪಿನಲ್ಲೇ ಬೆಳೆದ ಸ್ಟೀವ್ ಬಿಕೊ ಎಂಬ ಯುವಕ, ಕಪ್ಪು ಜನರ ಮನಸ್ಸಿನಲ್ಲಿ ಕೂತ ಕೀಳರಿಮೆಯನ್ನೇ ಮೊದಲು ತೆಗೆಯಬೇಕು ಎಂದು ಸಂಘಟನೆ ಕಟ್ಟಿದ. 1977ರಲ್ಲಿ ಪೊಲೀಸರ ವಶದಲ್ಲಿದ್ದಾಗಲೇ ಸತ್ತ. ಅವನ ಮಾತು ನಮಗೆ ಹೊಸದಲ್ಲ. ಬಾಬಾಸಾಹೇಬರೂ ಹೊರಗಿನ ಬೇಲಿಯ ಜೊತೆಗೆ ಒಳಗಿನ ಬೇಲಿಯನ್ನೂ ಕೀಳಲು ಹೇಳಿದವರು.

ಇನ್ನು ಭಗವಾನ್ ಬುದ್ಧರು. ಸುತ್ತನಿಪಾತದಲ್ಲಿ ಸುಂದರಿಕ ಭಾರದ್ವಾಜ ಎಂಬ ಬ್ರಾಹ್ಮಣನ ಪ್ರಸಂಗ ಬರುತ್ತದೆ. ಕೋಸಲ ದೇಶದ ಸುಂದರಿಕಾ ನದಿಯ ದಂಡೆಯಲ್ಲಿ ಅವನು ಹೋಮ ಮುಗಿಸಿ, ಉಳಿದ ನೈವೇದ್ಯವನ್ನು ಯಾರಿಗೆ ಕೊಡಲಿ ಎಂದು ಸುತ್ತ ನೋಡುತ್ತಾನೆ. ಮರದ ಬುಡದಲ್ಲಿ ತಲೆ ತುಂಬ ಹೊದ್ದು ಒಬ್ಬರು ಕೂತಿದ್ದಾರೆ. ಹೆಜ್ಜೆ ಸಪ್ಪಳ ಕೇಳಿ ಬುದ್ಧರು ತಲೆಯ ಹೊದಿಕೆ ಸರಿಸುತ್ತಾರೆ. ಬೋಳು ತಲೆ ಕಂಡು ಬ್ರಾಹ್ಮಣ ಹಿಂದಿರುಗಲು ಯೋಚಿಸುತ್ತಾನೆ. ಮತ್ತೆ ಮನಸ್ಸು ಬದಲಿಸಿ ಹತ್ತಿರ ಬಂದು ಕೇಳುತ್ತಾನೆ, ನಿಮ್ಮ ಜಾತಿ ಯಾವುದು ಎಂದು. ಬುದ್ಧರು ತಾವು ಶಾಕ್ಯರು, ರಾಜವಂಶದವರು ಎಂದು ಹೇಳಿ ಆ ನೈವೇದ್ಯವನ್ನು ತೆಗೆದುಕೊಳ್ಳಬಹುದಿತ್ತು. ಅದು ಸುಳ್ಳೂ ಆಗುತ್ತಿರಲಿಲ್ಲ. ಅವರು ಹಾಗೆ ಮಾಡಲಿಲ್ಲ. ಹುಟ್ಟನ್ನು ಕೇಳಬೇಡ, ನಡತೆಯನ್ನು ಕೇಳು ಎಂಬ ಅರ್ಥದ ಉತ್ತರ ಕೊಟ್ಟರು.

ಇಲ್ಲಿ ಗಮನಿಸಿ. ಬುದ್ಧರು ತಲೆಯ ಹೊದಿಕೆ ತೆಗೆದರು, ಆದರೆ ಜಾತಿಯ ಪ್ರಶ್ನೆಗೆ ಉತ್ತರ ಕೊಡಲಿಲ್ಲ. ತಮ್ಮನ್ನು ತೋರಿಸಿಕೊಂಡರು, ಅಳತೆಗೋಲನ್ನು ಒಪ್ಪಲಿಲ್ಲ. ಕೇಳಬಾರದ ಪ್ರಶ್ನೆಗೆ ಉತ್ತರ ಕೊಡದೆ ಇರುವುದು ಸುಳ್ಳಲ್ಲ ಎಂದು ನಾನು ಇದರಿಂದ ಕಲಿತೆ.

ಕೆಲವರು ನಮ್ಮನ್ನು ಚುಚ್ಚುತ್ತಾರೆ, "ಮೀಸಲಾತಿಗೆ ಜಾತಿ ತೋರಿಸ್ತೀರಿ, ಮನೆ ಕೇಳೋವಾಗ ಮುಚ್ಚಿಡ್ತೀರಿ" ಅಂತ. 1990ರಲ್ಲಿ ಕಾನೂನು ತಿದ್ದುಪಡಿಯಾಗಿ ಬೌದ್ಧರಾದವರಿಗೂ ಪರಿಶಿಷ್ಟ ಜಾತಿಯ ಸೌಲಭ್ಯ ಸಿಗುವಂತಾಯಿತು. ಆ ಕಚೇರಿಯಲ್ಲಿ ನಾವು ಇದ್ದದ್ದು ಇದ್ದಂತೆ ಹೇಳುತ್ತೇವೆ. ಯಾಕೆಂದರೆ ಅಲ್ಲಿ ಕೇಳುವುದು ಆದ ಅನ್ಯಾಯವನ್ನು ಸರಿಪಡಿಸಲು. ಮನೆ ಬಾಗಿಲಲ್ಲಿ ಕೇಳುವುದು ಅದೇ ಅನ್ಯಾಯವನ್ನು ಇನ್ನೊಂದು ಸಲ ಮಾಡಲು. ಪ್ರಶ್ನೆ ಒಂದೇ ಆದರೂ ಚೇತನ ಬೇರೆ. ಧಮ್ಮದಲ್ಲಿ ಕಮ್ಮವನ್ನು ತೂಗುವುದು ಚೇತನದಿಂದ, ಅಂದರೆ ಕೇಳುವವರ, ಹೇಳುವವರ ಉದ್ದೇಶದಿಂದ. ನಮ್ಮ ಗಿಡವೂ ಎಲ್ಲ ಹೊತ್ತಿನಲ್ಲಿ ತೆರೆದುಕೊಳ್ಳುವುದಿಲ್ಲ. ಹಗಲಿನ ಬಿಸಿಲಿನಲ್ಲಿ ತನ್ನ ಉಸಿರಿನ ರಂಧ್ರಗಳನ್ನು ಮುಚ್ಚಿಕೊಂಡು, ತಂಪಾದ ರಾತ್ರಿಯಲ್ಲಿ ತೆರೆಯುತ್ತದೆ. ಸತ್ಯವಾದ, ಹಿತವಾದ ಮಾತನ್ನೂ ಸಮಯ ಅರಿತು ಆಡಬೇಕೆಂದು ಬುದ್ಧರು ಅಭಯ ರಾಜಕುಮಾರನಿಗೆ ತಿಳಿಸಿದ್ದೂ ಇದನ್ನೇ.

ಹಾಗಾದರೆ ನಾವು ಮಾಡಿದ್ದು ಸರಿಯೇ? ಇಲ್ಲಿ ನನಗೆ ನಾನೇ ಸುಲಭವಾಗಿ ಬಿಟ್ಟುಕೊಳ್ಳಲು ಆಗುವುದಿಲ್ಲ. ನಾವು ಸುಮ್ಮನಿರಲಿಲ್ಲ, ಇನ್ನೊಂದು ಜಾತಿಯ ಹೆಸರು ಹೇಳಿದೆವು. ಜಾತಿಯ ಏಣಿಯಿಂದ ಇಳಿದು ಹೊರಗೆ ಬಂದಿದ್ದೇವೆ ಎಂದು ಪ್ರತಿಜ್ಞೆ ಮಾಡಿದವರು ಅದೇ ಏಣಿಯ ಎರಡು ಮೆಟ್ಟಿಲು ಮೇಲೆ ಹೋಗಿ ನಿಂತೆವು. ಬಾಬಾಸಾಹೇಬರು 1956ರ ಅಕ್ಟೋಬರ್ 14ರಂದು ನಾಗಪುರದಲ್ಲಿ ದೀಕ್ಷೆ ಪಡೆದಾಗ ಕೊಟ್ಟ 22 ಪ್ರತಿಜ್ಞೆಗಳಲ್ಲಿ ಸುಳ್ಳಾಡುವುದಿಲ್ಲ ಎಂಬುದೂ ಒಂದು. ಆದ್ದರಿಂದ ಅದು ಸುಳ್ಳೇ. ಆದರೆ ಎಲ್ಲ ಬಾಗಿಲು ಹಾಕಿ ಆ ಒಂದೇ ದಾರಿ ಬಿಟ್ಟವರ ಪಾಲು ಅದರಲ್ಲಿ ನಮ್ಮ ಪಾಲಿಗಿಂತ ದೊಡ್ಡದು. ಮಗುವನ್ನು ಕಟ್ಟಿಕೊಂಡು ಬೀದಿಯಲ್ಲಿ ನಿಂತ ತಾಯಿಗೆ, ನೀನು ಶೀಲ ಮುರಿದೆ ಎಂದು ನಾನು ಯಾವತ್ತೂ ಹೇಳಲಾರೆ.

ನನ್ನನ್ನು ಈಗಲೂ ನೋಯಿಸುವುದು ಆ ದಿನದ ಮಾತಲ್ಲ, ಆಮೇಲಿನ ದಿನಗಳು. ಮನೆ ಸೇರಿದ ಮೇಲೆ ಬಾಬಾಸಾಹೇಬರ ಫೋಟೋ ಮತ್ತು ಬುದ್ಧರ ಮೂರ್ತಿಯನ್ನು ಬೀರುವಿನೊಳಗೆ ಸೀರೆಗಳ ಕೆಳಗೆ ಇಟ್ಟೆವು. ಯಾರಾದರೂ ಕೇಳಿದರೆ ಏನು ಹೇಳಬೇಕೆಂದು ಮಗಳಿಗೆ ಪಾಠ ಮಾಡಿದೆವು. ಊರಿಂದ ಅವ್ವ ಬಂದಳು. ಬಾಗಿಲಲ್ಲೇ ನಿಂತು ಎಂದಿನ ಹಾಗೆ ಗಟ್ಟಿಯಾಗಿ "ಜೈ ಭೀಮ್ ಮಗಾ" ಅಂದಳು. ನಾನು ಓಡಿ ಬಂದು, "ಮೆಲ್ಲಗೆ ಅವ್ವಾ, ಮೇಲೆ ಓನರ್ ಇದ್ದಾರೆ" ಅಂದೆ. ಅವ್ವ ಏನೂ ಅನ್ನಲಿಲ್ಲ. ನಾಲ್ಕು ದಿನ ಇರುತ್ತೇನೆ ಅಂದವಳು ಮಾರನೇ ದಿನವೇ ಬಸ್ಸು ಹತ್ತಿದಳು. ಹೋಗುವಾಗ ಮೊಮ್ಮಗಳು ಕೇಳಿದಳು, "ಅಜ್ಜೀ, ಜೈ ಭೀಮ್ ಅಂದ್ರೆ ಕೆಟ್ಟ ಮಾತಾ?"

ಆ ಬೇಸಿಗೆಯಲ್ಲಿ ಒಂದು ತಿಂಗಳು ಊರಿಗೆ ಹೋಗಿದ್ದೆವು. ಗಿಡದ ಕುಂಡವನ್ನು ಯಾರೂ ಒಡೆಯದಿರಲಿ ಎಂದು ರಟ್ಟಿನ ಪೆಟ್ಟಿಗೆಯಲ್ಲಿ ಇಟ್ಟು ಮುಚ್ಚಿದ್ದೆ. ಬಂದು ನೋಡಿದರೆ ಸತ್ತಿರಲಿಲ್ಲ. ಆದರೆ ಅದರ ರೂಪವೇ ಹೋಗಿತ್ತು. ಗುಂಡಗೆ ಒತ್ತೊತ್ತಾಗಿದ್ದ ಎಲೆಗಳು ಬೆಳಕು ಹುಡುಕಿ ಉದ್ದುದ್ದ ಎಳೆದುಕೊಂಡು, ಬಿಳಿಚಿಕೊಂಡು, ಒಂದಕ್ಕೊಂದು ದೂರವಾಗಿದ್ದವು. ಮಣ್ಣಿನೊಳಗೆ ಹುದುಗಿಯೂ ಬದುಕುವ ಗಿಡ ಪೆಟ್ಟಿಗೆಯ ಕತ್ತಲಲ್ಲಿ ಸೊರಗಿತ್ತು. ಅದನ್ನು ನೋಡುತ್ತಾ ನಿಂತಾಗ ನನಗೆ ಅರ್ಥವಾಯಿತು. ನಾವು ಮೈಯನ್ನು ಮಾತ್ರ ಮುಚ್ಚಿಕೊಂಡಿರಲಿಲ್ಲ, ಕಿಟಕಿಯನ್ನೇ ಮುಚ್ಚಿದ್ದೆವು.

ಬಂಧುಗಳೇ, ಇಷ್ಟು ದಿನ ಯೋಚಿಸಿ ನಾನು ಕಂಡುಕೊಂಡ ಉತ್ತರ ಇದು. ಹಿಂಸೆ ಮಾಡಲೆಂದೇ ಕೇಳುವವರಿಂದ ನಮ್ಮನ್ನು ಕಾಪಾಡಿಕೊಳ್ಳುವುದು ಬೇರೆ, ನಮ್ಮಿಂದ ನಾವೇ ಮುಚ್ಚಿಟ್ಟುಕೊಳ್ಳುವುದು ಬೇರೆ. ಮೊದಲನೆಯದು ಮಣ್ಣು. ಎರಡನೆಯದು ಕತ್ತಲೆ ಪೆಟ್ಟಿಗೆ. ನಮ್ಮ ತಾಯಿಯ ಮುಂದೆ, ಮಕ್ಕಳ ಮುಂದೆ, ಬಳಗದ ಮುಂದೆ, ನಮ್ಮ ಮನಸ್ಸಿನ ಮುಂದೆ ನಾವು ಯಾರೆಂಬುದಕ್ಕೆ ನಾಚಿದರೆ ಅದೇ ದೊಡ್ಡ ಮುಸಾವಾದ. ಯಾಕೆಂದರೆ ಆಗ ನಾವು ಹೇಳುವ ಸುಳ್ಳು, ನಾವು ಕೀಳು ಎಂಬ ಸುಳ್ಳು. ಅದನ್ನು ಮೊದಲು ಹೇಳಿದವರು ಬೇರೆಯವರು. ನಾವು ಅದನ್ನು ಮಕ್ಕಳಿಗೆ ದಾಟಿಸಬಾರದು.

ಗಿಡವನ್ನು ಒಮ್ಮೆಗೇ ಬಿಸಿಲಿಗೆ ಇಡಲಿಲ್ಲ, ಸುಟ್ಟುಹೋಗುತ್ತದೆ. ದಿನ ದಿನ ಸ್ವಲ್ಪ ಸ್ವಲ್ಪವೇ ಬೆಳಕಿಗೆ ಸರಿಸಿದೆ. ನಾವೂ ಹಾಗೇ ಮಾಡಿದೆವು. ಮೊದಲು ಮಗಳಿಗೆ ಬಾಬಾಸಾಹೇಬರ ಕಥೆ ಹೇಳಿದೆ, ಮಸೂರ್ ಸ್ಟೇಷನ್ನಿನ ಕಥೆಯನ್ನೂ ಹೇಳಿದೆ. ಆಮೇಲೆ ಫೋಟೋ ಬೀರುವಿನಿಂದ ಮಲಗುವ ಕೋಣೆಗೆ ಬಂತು. ಏಪ್ರಿಲ್ 14ರಂದು ಹಾಲಿನ ಗೋಡೆಗೆ ಬಂತು. ಮನೆ ಯಜಮಾನಿ ಒಂದು ದಿನ ಬಾಡಿಗೆಗೆಂದು ಬಂದು ಗೋಡೆ ನೋಡಿದರು. ನಾನು, "ಆಂಟಿ, ಅವತ್ತು ನಾವು ಹೇಳಿದ್ದು ನಿಜ ಅಲ್ಲ. ನಾವು ಬೌದ್ಧರು, ಬಾಬಾಸಾಹೇಬರ ಜನ" ಅಂದೆ. ಅವರು ಏನೂ ಹೇಳದೆ ಹೋದರು. ತಿಂಗಳು ತುಂಬುವುದರೊಳಗೆ ಮನೆ ಖಾಲಿ ಮಾಡಿ ಅಂದರು. ನಿಜ ಹೇಳಿದ್ದಕ್ಕೆ ಬಹುಮಾನ ಸಿಕ್ಕಿತು ಎಂದು ಕಥೆ ಕಟ್ಟಲಾರೆ. ಬೇರೆ ಮನೆ ಸಿಕ್ಕಿದ್ದು ಬಳಗದ ಒಬ್ಬ ಅಣ್ಣನಿಂದ. ಅದು ಇದಕ್ಕಿಂತ ಚಿಕ್ಕದು, ಆಫೀಸಿಗೆ ದೂರ. ಅಲ್ಲಿಗೆ ಅವ್ವ ಬಂದಾಗ ಬಾಗಿಲು ತೆಗೆದದ್ದು ಮಗಳು. "ಜೈ ಭೀಮ್ ಅಜ್ಜೀ" ಅಂದಳು. ಪಕ್ಕದ ಮನೆಯವರಿಗೂ ಕೇಳಿಸಿರಬೇಕು.

ಗಿಡದಲ್ಲಿ ಹೊಸ ಎಲೆಗಳು ಮತ್ತೆ ಗುಂಡಗೆ, ಒತ್ತಾಗಿ ಬಂದಿವೆ. ಆದರೆ ಕತ್ತಲಲ್ಲಿ ಎಳೆದುಕೊಂಡ ಆ ಹಳೆಯ ಎಲೆಗಳು ಮತ್ತೆ ಚಿಕ್ಕದಾಗಲಿಲ್ಲ, ಹಾಗೇ ಉಳಿದವು. ಮಗಳೂ ಹೊಸಬರು ಸಿಕ್ಕಾಗ ಈಗಲೂ ಒಂದು ಗಳಿಗೆ ನನ್ನ ಮುಖ ನೋಡಿಯೇ ಮಾತಾಡುತ್ತಾಳೆ. ನಾನು ಕಲಿಸಿದ ಪಾಠ ಅದು.

ಇನ್ನೊಂದು ಮಾತು. ಈ ಗಿಡ ಒಂಟಿಯಾಗಿ ಇರುವುದಿಲ್ಲ. ಬುಡದಲ್ಲಿ ಮರಿ ಹಾಕಿ ಒಂದಕ್ಕೊಂದು ಒತ್ತಿಕೊಂಡು ಗುಂಪಾಗುತ್ತದೆ. ಪ್ರತಿ ಮರಿಗೂ ತನ್ನದೇ ಬೇರು, ತನ್ನದೇ ಕಿಟಕಿ. ನನಗೆ ಮನೆ ಹುಡುಕಿಕೊಟ್ಟದ್ದು ಅಂಥ ಗುಂಪೇ. ಒಬ್ಬಂಟಿ ಕುಟುಂಬಕ್ಕೆ ಬಾಗಿಲಲ್ಲಿ ನಿಂತು ಧೈರ್ಯವಾಗಿರು ಎಂದು ಹೇಳುವುದು ಸುಲಭ. ಬಳಗವಾಗಿ ನಾವು ಮಾಡಬೇಕಾದದ್ದು, ನಮ್ಮ ಯಾವ ಕುಟುಂಬವೂ ಸುಳ್ಳು ಹೇಳಬೇಕಾದ ಸ್ಥಿತಿಗೆ ಬರದ ಹಾಗೆ ನೋಡಿಕೊಳ್ಳುವುದು. ಯಾರಿಗೆ ವರ್ಗವಾಗಿದೆ, ಯಾರ ಮಕ್ಕಳು ಓದಲು ಬೇರೆ ಊರಿಗೆ ಹೋಗುತ್ತಿದ್ದಾರೆ, ಅಲ್ಲಿ ನಮ್ಮವರು ಯಾರಿದ್ದಾರೆ, ಯಾವ ಮನೆ ಖಾಲಿ ಇದೆ, ಇದನ್ನು ಈ ಗುಂಪಿನಲ್ಲೇ ಹಂಚಿಕೊಳ್ಳೋಣ. ನಾಲ್ಕನೇ ಶೀಲವನ್ನು ಒಬ್ಬೊಬ್ಬರೇ ಪಾಲಿಸುವುದು ಕಷ್ಟ. ಸಂಘ ಇದ್ದರೆ ಹಗುರ.

ಪ್ರಶ್ನೆ ಕೇಳಿದ ತಂಗಿಗೆ ನನ್ನ ಉತ್ತರ ಇಷ್ಟೇ ತಾಯಿ. ಬಾಗಿಲಲ್ಲಿ ನಿಂತವರು ನಿನ್ನ ಹುಟ್ಟನ್ನು ಕೇಳಿದರೆ ಉತ್ತರ ಕೊಡಲೇಬೇಕೆಂಬ ಸಾಲ ನಿನಗಿಲ್ಲ. ಬೇರೆ ಜಾತಿಯ ಹೆಸರು ಮಾತ್ರ ತೊಟ್ಟುಕೊಳ್ಳಬೇಡ. ತೊಡಲೇಬೇಕಾಗಿ ಬಂದರೆ ನಮ್ಮ ಮುಂದೆ ಬಂದು ಹೇಳು, ಯಾರೂ ನಿನ್ನನ್ನು ತೂಗುವುದಿಲ್ಲ. ಮನೆಯೊಳಗೆ ಮಾತ್ರ ಫೋಟೋವನ್ನು ಸೀರೆಯ ಕೆಳಗೆ ಇಡಬೇಡ.

ಇಂದಿನ ಅಭ್ಯಾಸ: ಐದು ನಿಮಿಷ ಕಣ್ಣು ಮುಚ್ಚಿ ಕೂತು ಕೇಳಿಕೊಳ್ಳೋಣ. ನಾನು ಯಾರಿಂದ ಏನನ್ನು ಮುಚ್ಚಿಟ್ಟಿದ್ದೇನೆ? ಅದು ನನ್ನನ್ನು ಕಾಪಾಡುವ ಮಣ್ಣೋ, ನನ್ನನ್ನು ಸೊರಗಿಸುವ ಪೆಟ್ಟಿಗೆಯೋ? ನಿಮ್ಮ ಅನುಭವವನ್ನು ಭಾನುವಾರದ ಓದಿನಲ್ಲಿ ಹಂಚಿಕೊಳ್ಳಿ.

ಭವತು ಸಬ್ಬ ಮಂಗಲಂ. ಜೈ ಭೀಮ್, ನಮೋ ಬುದ್ಧಾಯ.